ಫಾರಂ ಕೊಟ್ಟರೆ ಡೈವೋರ್ಸ್, ಹೌದಾ?

ಪ್ರಶ್ನೆ: ನನ್ನ ತಂಗಿಯ ಮಗಳು ಟೋಕಿಯೋದಲ್ಲಿ ಕೆಲಸದಲ್ಲಿದ್ದಾಳೆ. ಅವಳ ಆಫೀಸಿನ ಜೊತೆಗಾತಿಯೊಬ್ಬಳು ಕೋರ್ಟಿಲ್ಲ, ವಕೀಲರಿಲ್ಲ, ಊಟದ ಬಿಡುವಿನಲ್ಲಿ ಹೋಗಿ ಒಂದು ಫಾರಂ ಕೊಟ್ಟು ಡೈವೋರ್ಸ್ ಮುಗಿಸಿ ಬಂದಳಂತೆ. ಇಷ್ಟು ಸಲೀಸಾದರೆ ಮದುವೆಗೆ ಏನು ಬೆಲೆ ಮೇಡಂ?
– ಓದುಗರು, ಸರಸ್ವತಿಪುರಂ, ಮೈಸೂರು

ಉತ್ತರ: ನಿಜವೇ. ಗಂಡ ಹೆಂಡತಿ ಇಬ್ಬರೂ ಒಪ್ಪಿದರೆ ಅಲ್ಲಿ ಜಡ್ಜ್ ಮುಂದೆ ನಿಲ್ಲಬೇಕಿಲ್ಲ. 'ರಿಕೊನ್ ತೊದೊಕೆ' ಅಂತ ಒಂದು ಅರ್ಜಿ. ಅದಕ್ಕೆ ಇಬ್ಬರ ಸಹಿ, ಮೇಲೆ ಇಬ್ಬರು ಸಾಕ್ಷಿಗಳ ಸಹಿ. ನಮ್ಮ ನಗರಪಾಲಿಕೆ ಥರದ ಕಚೇರಿಯಲ್ಲಿ ಅದನ್ನು ತೆಗೆದುಕೊಂಡರೆ ಮುಗಿಯಿತು. ನೂರಕ್ಕೆ 90ರ ಹತ್ತಿರ ಡೈವೋರ್ಸ್ ಹೀಗೇ ಆಗುತ್ತವೆ. ನಮ್ಮ ಹಿಂದೂ ವಿವಾಹ ಕಾಯ್ದೆಯಲ್ಲಾದರೆ ಇಬ್ಬರೂ ಒಪ್ಪಿದರೂ ಮೊದಲು ಒಂದು ವರ್ಷ ಬೇರೆ ಇದ್ದಿರಬೇಕು, ಅರ್ಜಿ ಹಾಕಿದ ಮೇಲೆ ಮತ್ತೆ 6 ತಿಂಗಳು ಕಾಯಬೇಕು (ಈ 6 ತಿಂಗಳನ್ನು ಕೋರ್ಟ್ ಬಿಟ್ಟುಕೊಡಬಹುದು ಅಂತ 2017ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ).

ಆದರೆ ಒಬ್ಬರು ಇನ್ನೊಬ್ಬರ ಸಹಿಯನ್ನೂ ತಾವೇ ಹಾಕಿ ಕೊಟ್ಟುಬಿಟ್ಟರೆ? ಅದಕ್ಕೇ 'ನನ್ನ ಡೈವೋರ್ಸ್ ಅರ್ಜಿ ಬಂದರೆ ತೆಗೆದುಕೊಳ್ಳಬೇಡಿ' ಅಂತ ಮುಂಚೆಯೇ ಬರೆದುಕೊಡುವ ಏರ್ಪಾಡೂ ಇದೆ. ನಗು ಬರುತ್ತದೆ, ಅಲ್ವಾ? ಮಕ್ಕಳ ವಿಷಯಕ್ಕೆ ಬಂದರೆ ನಗು ಬರುವುದಿಲ್ಲ. ಮಗುವಿನ ಹೊಣೆ ಯಾರದು ಅನ್ನುವ ಕಡೆ ಅಪ್ಪನೋ ಅಮ್ಮನೋ, ಒಬ್ಬರ ಹೆಸರನ್ನೇ ಬರೆಯಬೇಕಿತ್ತು, ಮಗುವಿನ ಖರ್ಚಿನ ಮಾತು ಮುಗಿಯದೆಯೂ ಅರ್ಜಿ ಒಳಗೆ ಹೋಗುತ್ತಿತ್ತು, ಇನ್ನೊಬ್ಬರಲ್ಲಿ ಎಷ್ಟೋ ಜನ ಮಗುವಿನ ಮುಖ ನೋಡುವುದಕ್ಕೂ ಒದ್ದಾಡಿದ್ದಾರೆ. 2024ರಲ್ಲಿ ಕಾನೂನು ತಿದ್ದಿ, 2026ರ ಏಪ್ರಿಲ್ 1ರಿಂದ ಇಬ್ಬರೂ ಹೊಣೆ ಹೊರುವುದಕ್ಕೆ ದಾರಿ ಮಾಡಿದ್ದಾರೆ. ಹೊಡೆತ ತಾಳಲಾರದೆ ಬಿಟ್ಟು ಬಂದ ಹೆಂಗಸರಿಗೆ ಅದೇ ಗಂಡನ ಜೊತೆ ಮತ್ತೆ ಗಂಟು ಬೀಳುತ್ತದೆ ಅನ್ನುವ ಭಯವೂ ಅಲ್ಲಿದೆ. ಸುಮ್ನೆ ಹುಟ್ಟಿದ ಭಯ ಅಂತ ನನಗೆ ಅನ್ನಿಸುವುದಿಲ್ಲ.

ಇನ್ನು ಬೆಲೆಯ ಮಾತು. ಡೈವೋರ್ಸೂ ಇಲ್ಲದೆ, ಸಂಸಾರವೂ ಇಲ್ಲದೆ ಹತ್ತು ವರ್ಷ ತವರಿನಲ್ಲಿ ಕೂತವರನ್ನು ನೀವೂ ನೋಡಿರುತ್ತೀರಿ. ಕಾಗದದ ಮೇಲೆ ಅವರ ಮದುವೆ ಇನ್ನೂ ಗಟ್ಟಿಯಾಗಿಯೇ ಇದೆ. ಅದಕ್ಕೆ ಏನು ಬೆಲೆ ಕಟ್ಟುತ್ತೀರಿ?

ಪ್ರಶ್ನೆ: ಜಪಾನಿನಲ್ಲಿ ಗಂಡ ರಿಟೈರ್ ಆದಮೇಲೆ ಹೆಂಡತಿ ಡೈವೋರ್ಸ್ ಕೇಳುತ್ತಾಳಂತೆ?
– ಮುಂದಿನ ವರ್ಷ ರಿಟೈರ್ ಆಗುವವನು, ಮಂಡ್ಯ

ಉತ್ತರ: ಕೇಳುತ್ತಾರೆ. 'ಜುಕುನೆನ್ ರಿಕೊನ್' ಅಂತ ಅದಕ್ಕೊಂದು ಹೆಸರೇ ಇದೆ. ಜೊತೆಗೆ, ಮದುವೆಯಾಗಿದ್ದ ವರ್ಷಗಳ ನೌಕರಿ ಪಿಂಚಣಿಯಲ್ಲಿ ಹೆಂಡತಿ ಅರ್ಧದವರೆಗೂ ಪಾಲು ಕೇಳುವ ಅವಕಾಶ 2007ರಿಂದ ಇದೆ. ನೀವು ಈ ಪ್ರಶ್ನೆ ಕಳಿಸಿದ್ದು ಮನೆಯವರಿಗೆ ಗೊತ್ತಾ?