ಲೋಗೋ ಇಲ್ಲದ ಮೈಕು: ಒಂದು ಆಪ್ತಸಲಹೆ ಪ್ರಕರಣ

ಮೊದಲ ದಿನ ಅವರು ಕುರ್ಚಿಯಲ್ಲಿ ಕೂರುವ ಮೊದಲೇ ಕೇಳಿದರು, "ಮೇಡಂ, ನನ್ನನ್ನ ಎಲ್ಲೋ ನೋಡಿದ ಹಾಗಿದೆ ಅನ್ನಿಸ್ತಿದೆಯಾ?" ನಾನು ಟಿವಿ ಸುದ್ದಿ ನೋಡುವುದು ಕಡಿಮೆ. ಇಲ್ಲ ಎಂದೆ. ಅವರ ಮುಖ ಸಪ್ಪಗಾಯಿತು. ನಾನು ಅಲ್ಲೇ ನಿಲ್ಲಬೇಕಿತ್ತು, ನಿಲ್ಲಲಿಲ್ಲ. ನಿದ್ದೆ ಬರುತ್ತಿಲ್ಲ ಎಂದರು, ನಾನು ನಿದ್ದೆಯ ಹಿಂದೆ ಹೋದೆ.

ಅವರನ್ನು ಪ್ರಕಾಶ್ ಅನ್ನೋಣ. ಅವರ ಮತ್ತು ಅವರ ಹೆಂಡತಿಯ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ. ಹೆಸರು, ವಯಸ್ಸು, ಮನೆಯ ವಿವರ ಎಲ್ಲ ಬದಲಿಸಿದ್ದೇನೆ. ನಲವತ್ತು ದಾಟಿದ ಮನುಷ್ಯ. ಮಲೆನಾಡಿನ ಒಂದು ತಾಲೂಕಿನಲ್ಲಿ ಸ್ಟ್ರಿಂಜರ್ ಆಗಿ, ಅಂದರೆ ಅರೆಕಾಲಿಕ ವರದಿಗಾರರಾಗಿ ಶುರು ಮಾಡಿದವರು. ತಹಶೀಲ್ದಾರ್ ಕಚೇರಿಯ ಬಾಗಿಲಲ್ಲಿ ಕಾದು ಕಾದು ಸುದ್ದಿ ಕಲಿತರು. ಆಮೇಲೆ ಬೆಂಗಳೂರು, ಡೆಸ್ಕ್, ಕೊನೆಗೆ ರಾತ್ರಿಯ ಚರ್ಚೆಯ ನಿರೂಪಕ. ಒಂದೇ ಚಾನೆಲ್‌ನಲ್ಲಿ 14 ವರ್ಷ. 2023ರ ಜನವರಿಯಲ್ಲಿ ರಾಜೀನಾಮೆ ಕೊಟ್ಟರು.

ಯಾಕೆ ಬಿಟ್ಟಿರಿ ಎಂದು ಕೇಳಿದರೆ ಪ್ರತಿ ಸಲ ಒಂದೊಂದು ಕಾರಣ ಬರುತ್ತಿತ್ತು. ಗುರುವಾರ ಬಂದರೆ ಟಿಆರ್‌ಪಿ ಭಯ, ಎಷ್ಟು ಜನ ನೋಡಿದರು ಎಂಬ ರೇಟಿಂಗ್ ಬರುವ ದಿನ ಅದು. ಕಿರುಚಬೇಕಾದ ಚರ್ಚೆಗಳು. ಆ ರೇಟಿಂಗ್ ಕೊಡುವ ಬಾರ್ಕ್ ಸಂಸ್ಥೆ 2020ರ ಅಕ್ಟೋಬರ್‌ನಿಂದ 2022ರ ಮಾರ್ಚ್‌ವರೆಗೆ ಸುದ್ದಿ ಚಾನೆಲ್‌ಗಳ ರೇಟಿಂಗ್ ನಿಲ್ಲಿಸಿತ್ತಲ್ಲ, ಆಗ ಮಾತ್ರ ನೆಮ್ಮದಿಯಾಗಿ ಉಸಿರಾಡಿದ್ದೆ ಎಂದು ಒಮ್ಮೆ ಹೇಳಿದರು. ಇನ್ನೊಮ್ಮೆ, "ಹಿಂದಿ ಆ್ಯಂಕರ್ ರವೀಶ್ ಕುಮಾರ್ 2022ರ ನವೆಂಬರ್‌ನಲ್ಲಿ ಎನ್‌ಡಿಟಿವಿ ಬಿಟ್ಟು ಯೂಟ್ಯೂಬ್‌ಗೆ ಬಂದ್ರು. ಜನ ಹಿಂದೆನೇ ಬಂದ್ರು. ನನಗೂ ಬರ್ತಾರೆ ಅಂದ್ಕೊಂಡೆ." ಹಿಂದಿ ನೋಡುವವರ ಸಂಖ್ಯೆ ಎಷ್ಟು, ಕನ್ನಡ ನೋಡುವವರ ಸಂಖ್ಯೆ ಎಷ್ಟು? ಆ ಲೆಕ್ಕ ಅವರಿಗೆ ಗೊತ್ತಿರಲಿಲ್ಲ ಅಂತಲ್ಲ. ಲೆಕ್ಕ ಹಾಕಲು ಮನಸ್ಸಿರಲಿಲ್ಲ.

ಪಿಎಫ್ ಹಣ, ಗ್ರಾಚ್ಯುಟಿ, ಹೆಂಡತಿಯ ಎರಡು ಬಳೆ. ಎಲ್ಲ ಸೇರಿಸಿ ಸ್ವಂತ ಯೂಟ್ಯೂಬ್ ಸುದ್ದಿ ಚಾನೆಲ್‌ಗೆ ಬೆಂಗಳೂರಿನ ವಿಜಯನಗರದಲ್ಲಿ ಆಫೀಸು ಮಾಡಿದರು. ಅದರಲ್ಲಿ ಗಾಜಿನ ಮೇಜು, ಹಿಂದೆ ದೊಡ್ಡ ಪರದೆ, ಮೂರು ಕ್ಯಾಮೆರಾ, ಆರು ಜನ ಹುಡುಗರು. ಫೋಟೋ ತೋರಿಸಿದರು. ಬಿಟ್ಟು ಬಂದ ಸ್ಟುಡಿಯೋವನ್ನೇ ಸಣ್ಣದಾಗಿ ಕಟ್ಟಿಕೊಂಡಿದ್ದರು. ಪತ್ರಕರ್ತೆ ಫೇ ಡಿಸೋಜಾ ಕೂಡ ಟಿವಿ ಬಿಟ್ಟು ಬಂದವರೇ. ಇನ್‌ಸ್ಟಾಗ್ರಾಂನಲ್ಲಿ ನಾಲ್ಕು ಸಾಲಿನ ಸ್ಲೈಡ್‌ಗಳಲ್ಲೇ ಸುದ್ದಿ ಕೊಟ್ಟು ಓದುಗರನ್ನು ಗಳಿಸಿದರು. ಗಾಜಿನ ಮೇಜು ಯಾರಿಗೆ ಬೇಕಿತ್ತು ಎಂದು ಕೇಳಬೇಕು ಅನ್ನಿಸಿತು. ಕೇಳಲಿಲ್ಲ.

ಶುರು ಚೆನ್ನಾಗೇ ಇತ್ತು. ಯೂಟ್ಯೂಬ್ ಜಾಹೀರಾತು ಹಣ ಕೊಡಬೇಕಾದರೆ 1000 ಚಂದಾದಾರರು, ಒಂದು ವರ್ಷದೊಳಗೆ 4000 ಗಂಟೆ ವೀಕ್ಷಣೆ ಆಗಬೇಕು. ಪರಿಚಿತ ಮುಖವಾದ್ದರಿಂದ ಕೆಲವೇ ವಾರಗಳಲ್ಲಿ ಅದು ಮುಗಿಯಿತು. ಆಮೇಲೆ ನಿಜವಾದ ಲೆಕ್ಕ ಎದುರಾಯಿತು. ಉದ್ದದ ವಿಡಿಯೋದ ಜಾಹೀರಾತಿನಲ್ಲಿ ನೂರಕ್ಕೆ 55 ಇವರಿಗೆ, ಉಳಿದದ್ದು ಯೂಟ್ಯೂಬ್‌ಗೆ. ಆ ಹಣ ಬರುವುದು ಮುಂದಿನ ತಿಂಗಳು 21ರ ನಂತರ. ಹುಡುಗರ ಸಂಬಳ 1ನೇ ತಾರೀಕಿಗೆ, ಬಾಡಿಗೆ 5ಕ್ಕೆ. 14 ವರ್ಷ ಸಂಬಳ ತೆಗೆದುಕೊಂಡವರಿಗೆ ಸಂಬಳ ಕೊಡುವ 1ನೇ ತಾರೀಕು ಎಂಥದ್ದು ಎಂದು ಮೊದಲ ಸಲ ಗೊತ್ತಾಯಿತು.

ನಿದ್ದೆಗೆ ನಾನು ಮಾಮೂಲಿ ದಾರಿ ಹೇಳಿದ್ದೆ. ಎಷ್ಟು ಹೊತ್ತಿಗೇ ಮಲಗಿರಲಿ, ಏಳುವ ಸಮಯ ಒಂದೇ ಇರಲಿ. ಇಪ್ಪತ್ತು ನಿಮಿಷ ಹೊರಳಾಡಿದರೆ ಎದ್ದು ಹೊರಗೆ ಕೂರಿ. ಫೋನ್ ಅಡುಗೆಮನೆಯಲ್ಲಿರಲಿ. ಮೂರು ವಾರವಾದರೂ ಉಪಯೋಗ ಕಾಣಲಿಲ್ಲ. ನಾಲ್ಕನೇ ಭೇಟಿಗೆ ಹೆಂಡತಿ ಜೊತೆಗೆ ಬಂದರು. ಸವಿತಾ ಅನ್ನೋಣ, ಹೈಸ್ಕೂಲ್ ಟೀಚರ್. ಅವರೇ ಹೇಳಿದರು. "ಫೋನ್ ಅಡುಗೆಮನೆಲಿ ಇಡ್ತಾರೆ ಮೇಡಂ. ರಾತ್ರಿ ಎರಡು ಗಂಟೆಗೆ ಇವರೂ ಅಡುಗೆಮನೆಲೇ ಇರ್ತಾರೆ."

ಏನು ನೋಡುತ್ತಿದ್ದರು? ಚಾನೆಲ್‌ನ ಗ್ರಾಫ್. ಕಳೆದ 48 ಗಂಟೆಯಲ್ಲಿ ಎಷ್ಟು ಜನ ನೋಡಿದರು ಅಂತ. ಟಿವಿಯಲ್ಲಿ ವಾರಕ್ಕೊಮ್ಮೆ ಬರುತ್ತಿದ್ದ ಗುರುವಾರ ಇಲ್ಲಿ ಗಳಿಗೆಗೊಮ್ಮೆ ಬರುತ್ತಿತ್ತು.

ಆದರೆ ಕಾಯಿಲೆಯ ಬೇರು ಅದೂ ಅಲ್ಲ. ಅದು ಸಿಕ್ಕಿದ್ದು ಆರನೇ ಭೇಟಿಯಲ್ಲಿ, ಅದೂ ಆಕಸ್ಮಿಕವಾಗಿ. ಅವತ್ತು ಕೋಪದಲ್ಲಿ ಬಂದಿದ್ದರು. ತಮ್ಮ ಒಂದು ವಿಡಿಯೋದಲ್ಲಿ ಹಳೆಯ ಬುಲೆಟಿನ್‌ನ ತುಣುಕು ಹಾಕಿದ್ದರು, ವರ್ಷಗಳ ಹಿಂದೆ ಪ್ರವಾಹದಲ್ಲಿ ಮೊಣಕಾಲು ನೀರಿನಲ್ಲಿ ನಿಂತು ಇವರೇ ಮಾಡಿದ್ದ ವರದಿ. ಅದು ತಮ್ಮದು ಎಂದು ಹಳೆಯ ಚಾನೆಲ್‌ನವರು ಯೂಟ್ಯೂಬ್‌ಗೆ ದೂರು ಕೊಟ್ಟು ಕಾಪಿರೈಟ್ ಸ್ಟ್ರೈಕ್ ಹಾಕಿದರು. 90 ದಿನದೊಳಗೆ ಅಂಥ ಮೂರು ಬಿದ್ದರೆ ಚಾನೆಲ್ಲೇ ಹೋಗುತ್ತದೆ. "ಅದು ನನ್ನ ಮುಖ, ನನ್ನ ದನಿ ಮೇಡಂ. ಒದ್ದೆಯಾಗಿದ್ದು ನನ್ನ ಪ್ಯಾಂಟು!" ಎಂದು ಕೂಗಿದರು. ಕೂಗಿ, ಆಮೇಲೆ ಅತ್ತರು.

ಕಾನೂನಿನಲ್ಲಿ ಚಾನೆಲ್‌ನವರದ್ದೇ ಸರಿ ಇರಬಹುದು. ನೌಕರಿಯಲ್ಲಿದ್ದಾಗ ಮಾಡಿದ ಕೆಲಸ ಸಾಮಾನ್ಯವಾಗಿ ಸಂಸ್ಥೆಯದ್ದೇ. ಆದರೆ ನನಗೆ ಅವತ್ತು ಮೊದಲ ದಿನದ ಪ್ರಶ್ನೆ ನೆನಪಾಯಿತು, ಎಲ್ಲೋ ನೋಡಿದ ಹಾಗಿದೆಯಾ ಅಂದಿದ್ದು. ಲೋಗೋ ಇದ್ದ ಮೈಕು ಕೈಯಲ್ಲಿದ್ದಾಗ ಮಂತ್ರಿಗಳು ಮೊದಲ ರಿಂಗ್‌ಗೇ ಫೋನ್ ಎತ್ತುತ್ತಿದ್ದರು. ಈಗ ಪಿಎಗಳೂ ಎತ್ತುವುದಿಲ್ಲ. ಬೀಳ್ಕೊಡುಗೆಯೂ ಆಗಿರಲಿಲ್ಲ. ಐಡಿ ಕಾರ್ಡ್ ಕೊಟ್ಟು ಲಿಫ್ಟ್‌ನಲ್ಲಿ ಇಳಿದು ಬಂದಿದ್ದರು, ಅಷ್ಟೇ. ಇದು ದುಃಖ. ಮನೆಯಲ್ಲಿ ಯಾರೋ ತೀರಿಕೊಂಡಾಗ ಆಗುವಂಥದ್ದೇ. ನಾವು ಅದನ್ನು ಬಿಸಿನೆಸ್ ಟೆನ್ಷನ್ ಅಂತ ಕರೆದು ಸುಮ್ನೆ ಆಗಿದ್ದೆವು.

ಮುಂದಿನ ವಾರ ಇನ್ನೊಂದು ಹೊರಬಂತು. 2023ರ ಮೇ 10ರ ವಿಧಾನಸಭೆ ಚುನಾವಣೆಗೆ ಮೊದಲು ಒಬ್ಬ ಅಭ್ಯರ್ಥಿಯಿಂದ "ಪ್ಯಾಕೇಜ್" ತೆಗೆದುಕೊಂಡಿದ್ದರು. ಎರಡು ವಿಡಿಯೋ, ಸುದ್ದಿಯ ಹಾಗೇ ಕಾಣುವಂಥವು. "ಹುಡುಗರ ಸಂಬಳಕ್ಕೆ ಅಂತ ತಗೊಂಡೆ." ಟಿವಿಯಲ್ಲಿದ್ದಾಗ ಅದನ್ನೆಲ್ಲ ಮಾಲೀಕರ ಪಾಪ ಎಂದು ಬಯ್ಯುತ್ತಿದ್ದವರು. ಈಗ ಮಾಲೀಕರು ಇವರೇ.

ಪರವಾಗಿಲ್ಲ ಬಿಡಿ ಎಂದು ನಾನು ಹೇಳಲಿಲ್ಲ. ಹಾಗೆ ಹೇಳುವ ಹಕ್ಕು ನನ್ನದಲ್ಲ, ಅವರನ್ನು ನಂಬಿ ನೋಡಿದವರದ್ದು. ಬದಲಿಗೆ, ಸಾಯಬೇಕು ಅನ್ನಿಸಿದ್ದಿದೆಯಾ ಎಂದು ನೇರವಾಗಿ ಕೇಳಿದೆ. ಸ್ವಲ್ಪ ಹೊತ್ತು ಬಿಟ್ಟು, "ಒಂದೆರಡು ಸಲ, ಸುಮ್ನೆ ಹಾಗೆ" ಎಂದರು. ಇಂಥದ್ದು ಸುಮ್ನೆ ಬರುವುದಿಲ್ಲ. ಅಂದೇ ಮನೋವೈದ್ಯರ ಹತ್ತಿರ ಕಳಿಸಿದೆ. ಸವಿತಾ ಅವರಿಗೂ ತಿಳಿಸಬೇಕು ಎಂದು ಪ್ರಕಾಶ್ ಅವರನ್ನೇ ಒಪ್ಪಿಸಿದೆ. ಹಗಲು ರಾತ್ರಿ ಯಾವಾಗ ಬೇಕಾದರೂ ಕರೆ ಮಾಡಬಹುದಾದ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನ 14416 ಅನ್ನು ಇಬ್ಬರ ಫೋನಿನಲ್ಲೂ ಹಾಕಿಸಿದೆ. ಕನ್ನಡದಲ್ಲೇ ಮಾತಾಡಬಹುದು. ಕೆಲವು ತಿಂಗಳು ಔಷಧಿ ತೆಗೆದುಕೊಂಡರು. ಅದನ್ನು ಬರೆಯಲು ಸಂಕೋಚ ಬೇಡ ಎಂದು ಅವರೇ ಹೇಳಿದ್ದಾರೆ.

ಉಳಿದ ಸಲಹೆಗಳು ಸಣ್ಣವು. ಗ್ರಾಫ್ ತೋರಿಸುವ ಆ್ಯಪನ್ನು ಫೋನಿನಿಂದ ತೆಗೆಯಿರಿ, ವಾರಕ್ಕೊಮ್ಮೆ ಆಫೀಸಿನ ಕಂಪ್ಯೂಟರ್‌ನಲ್ಲಿ ನೋಡಿ ಎಂದೆ. ಯಾವ ದಿನ ಎಂದು ಕೇಳಿದ್ದಕ್ಕೆ ಯೋಚನೆ ಮಾಡದೆ "ಗುರುವಾರ" ಅಂದರು. ಮೂವರೂ ನಕ್ಕೆವು. ಅವರ ಮನೆಯಲ್ಲಿ ನಗು ಕೇಳಿ ಬಹಳ ದಿನವಾಗಿತ್ತಂತೆ. ದುಡ್ಡಿನ ವಿಷಯ ನನಗೆ ಗೊತ್ತಾಗುವುದಿಲ್ಲ, ಅದಕ್ಕೆ ಆಡಿಟರ್ ಇದ್ದಾರೆ. ಆದರೆ ಒಂದು ಕೇಳಿದೆ. ಇನ್ನೆಷ್ಟು ಹಣ ಹೋದರೆ ನಿಲ್ಲಿಸುತ್ತೀರಿ? ಆ ಸಂಖ್ಯೆಯನ್ನು ಸವಿತಾ ಅವರ ಎದುರು ಕಾಗದದ ಮೇಲೆ ಬರೆಯಿರಿ ಎಂದೆ. ಬರೆಯಲು ಎರಡು ಭೇಟಿ ಹಿಡಿಯಿತು. ಬರೆದ ತಿಂಗಳೇ ವಿಜಯನಗರದ ಆಫೀಸು ಖಾಲಿ ಮಾಡಿದರು. ನಾಲ್ವರು ಹುಡುಗರಿಗೆ ಬೇರೆ ಕಡೆ ಕೆಲಸ ನೋಡಿಕೊಟ್ಟರು. ಪ್ಯಾಕೇಜಿನ ಎರಡು ವಿಡಿಯೋ ತೆಗೆದುಹಾಕಿ, ಯಾಕೆ ತೆಗೆದೆ ಎಂದು ಕ್ಯಾಮೆರಾ ಮುಂದೆ ಹೇಳಿದರು. ಇದು ನಾನು ಹೇಳಿಕೊಟ್ಟದ್ದಲ್ಲ. ನಾನಾಗಿದ್ದರೆ ಬಹುಶಃ ಸುಮ್ಮನೆ ಅಳಿಸುತ್ತಿದ್ದೆ.

ಇನ್ನೊಂದು ಮನೆಗೆಲಸ ಕೊಟ್ಟಿದ್ದೆ. ಯಾರೂ ಸ್ಟ್ರೈಕ್ ಹಾಕಲಾಗದ, ನಿಮ್ಮದೇ ಆದದ್ದು ಏನಿದೆ, ಪಟ್ಟಿ ಮಾಡಿ. ಮುಖ, ದನಿ, ಸಂಪರ್ಕ ಎಂದೆಲ್ಲ ಬರೆದು ಹೊಡೆದು ಹಾಕಿದ್ದರು. ಕೆಳಗೆ ಒಂದೇ ಸಾಲು ಉಳಿದಿತ್ತು: "ಪಹಣಿ ಓದಲು ಬರುತ್ತದೆ." ಜಮೀನಿನ ಆ ದಾಖಲೆ ಓದುವುದು ಸ್ಟ್ರಿಂಜರ್ ಆಗಿದ್ದಾಗ ಕಲಿತದ್ದು. ಜಮೀನು ಅಳೆದು ಬೇರೆ ಮಾಡುವ ಪೋಡಿ ಯಾಕೆ ಆಗುತ್ತಿಲ್ಲ, ಸರ್ಕಾರಿ ಜಮೀನು ಉಳುವವರ ಬಗರ್ ಹುಕುಂನ ಫಾರಂ 53ಕ್ಕೂ 57ಕ್ಕೂ ಏನು ವ್ಯತ್ಯಾಸ, ಹೆಸರು ಬದಲಿಸುವ ಮ್ಯುಟೇಶನ್ ಎಲ್ಲಿ ಸಿಕ್ಕಿಕೊಳ್ಳುತ್ತದೆ, ಇದನ್ನು ಅವರು ಹೇಳತೊಡಗಿದರೆ ನಾನೇ ಸಮಯ ನೋಡುವುದನ್ನು ಮರೆಯುತ್ತಿದ್ದೆ. ಈಗ ವಾರಕ್ಕೆ ಎರಡು ವಿಡಿಯೋ, ಮನೆಯ ಟೆರೇಸ್ ಕೋಣೆಯಿಂದ. ಲೋಗೋ ಇಲ್ಲದ ಕಾಲರ್ ಮೈಕು. 2021ರ ಐಟಿ ನಿಯಮದ ಪ್ರಕಾರ ಡಿಜಿಟಲ್ ಸುದ್ದಿಯವರು ದೂರು ಕೇಳಲು ಒಬ್ಬರನ್ನು ನೇಮಿಸಿ 15 ದಿನದಲ್ಲಿ ಉತ್ತರ ಕೊಡಬೇಕು. ಇವರಲ್ಲಿ ಆ ಅಧಿಕಾರಿ ಭಾಮೈದ. ದೂರಿಗಿಂತ ಜಮೀನಿನ ಪ್ರಶ್ನೆಗಳೇ ಜಾಸ್ತಿ ಬರುತ್ತಿವೆಯಂತೆ.

ಹಣ? ಸವಿತಾ ಅವರ ಸಂಬಳದಲ್ಲೇ ಮನೆ ನಡೆಯುತ್ತಿದೆ. ಬಳೆ ಇನ್ನೂ ಬಿಡಿಸಿಲ್ಲ.

ಕಳೆದ ಭೇಟಿಗೆ ಇಬ್ಬರೂ ಬಂದಿದ್ದರು. ಒಂದು ಚಾನೆಲ್‌ನಿಂದ ಕರೆ ಬಂದಿದೆ, ರಾತ್ರಿ 9ರ ಕಾರ್ಯಕ್ರಮ, ಹಳೆಯದಕ್ಕಿಂತ ದೊಡ್ಡ ಮೊತ್ತ. ಹೋಗಲಾ ಎಂದು ಪ್ರಕಾಶ್ ನನ್ನನ್ನು ಕೇಳಿದರು. ಅದನ್ನು ಹೇಳುವುದು ನನ್ನ ಕೆಲಸವಲ್ಲ ಎಂದು ಸವಿತಾ ಅವರ ಕಡೆ ನೋಡಿದೆ. ಅವರು ಬ್ಯಾಗಿನ ಜಿಪ್ಪು ಎಳೆಯುತ್ತಾ ಕೇಳಿದರು, "ಸಂಬಳ ಎಷ್ಟನೇ ತಾರೀಕಿಗೆ ಕೊಡ್ತಾರಂತೆ?"