ಅಳುವ ಮೊದಲು ಆ ಹಾಡು ಕೇಳಿ, ತಂಗಿ

ತಂಗೀ,

ಹಳೆಯ ಮರಾಠಿ ಚಿತ್ರಗಳ ನಟಿ, ಗಾಯಕಿ ಶಾಂತಾ ಹುಬ್ಳೀಕರ್ ಬಗ್ಗೆ ನೀವು ಕಳಿಸಿದ ಲೇಖನ ಓದಿದೆ. ಭಾಷೆ ಶುದ್ಧವಾಗಿದೆ, ಇಸವಿಗಳು ಸರಿಯಾಗಿವೆ, ಗುಬ್ಬಿ ವೀರಣ್ಣನವರ 1942ರ ‘ಜೀವನ ನಾಟಕ’ ಚಿತ್ರವನ್ನೂ ಬಿಟ್ಟಿಲ್ಲ. ಸಂತೋಷ. ಆದರೆ ಓದಿ ಮುಗಿಸುವ ಹೊತ್ತಿಗೆ ನನಗೆ ಸಿಟ್ಟು ಬಂದಿತ್ತು. ಅದನ್ನು ನುಂಗಿಕೊಂಡು ‘ಪ್ರಕಟಿಸಲಾಗದ್ದಕ್ಕೆ ವಿಷಾದ’ ಅಂತ ಒಂದು ಸಾಲು ಗೀಚಿದರೆ ನಿಮಗೂ ಉಪಯೋಗವಿಲ್ಲ, ಆಕೆಗೂ ನ್ಯಾಯವಲ್ಲ.

ಮೊದಲ ವಾಕ್ಯವನ್ನೇ ನೋಡಿ: ‘ಅರಳುವ ಮುನ್ನವೇ ಬಾಡಿದ ಹೂವು ಈಕೆ.’ ಎಲ್ಲಿ ಬಾಡಿದರು? ಹುಬ್ಬಳ್ಳಿ ಪಕ್ಕದ ಅದರಗುಂಚಿಯಲ್ಲಿ 1914ರಲ್ಲಿ ರಾಜಮ್ಮ ಆಗಿ ಹುಟ್ಟಿದ ಈ ಶಾಂತಾ, ಹಾಡಿನ ಬೆನ್ನುಹತ್ತಿ ಪುಣೆಯ ಪ್ರಭಾತ್ ಸಿನಿಮಾ ಕಂಪನಿಯವರೆಗೆ ಬಂದರು. 1939ರಲ್ಲಿ ಶಾಂತಾರಾಮರ ‘ಮಾಣೂಸ್’ ಚಿತ್ರದಲ್ಲಿ ಮೈನಾ ಆದಾಗ ಇನ್ನೂ ಇಪ್ಪತ್ತೈದರ ಆಸುಪಾಸು. ಅದರಲ್ಲಿ ಆಕೆ ಹಾಡಿದ ‘ಕಶಾಲಾ ಉದ್ಯಾಚಿ ಬಾತ್’ ಹಾಡನ್ನು ಮಹಾರಾಷ್ಟ್ರದ ಮನೆಮನೆಗಳಲ್ಲಿ ಗುನುಗಿದರು. ಇದಕ್ಕಿಂತ ಅರಳುವುದು ಹೇಗೆ? ನೀವು ಆಕೆ ವಯಸ್ಸಾದ ಮೇಲೆ ಇದ್ದ ವೃದ್ಧಾಶ್ರಮದ ಬಾಗಿಲಲ್ಲಿ ನಿಂತು ಆಕೆಯ ಇಡೀ ಬದುಕನ್ನು ಅಲ್ಲಿಂದಲೇ ನೋಡಿಬಿಟ್ಟಿದ್ದೀರಿ.

ಎರಡನೇ ಪುಟ: ‘ಜೇನಿನಂಥ ಕಂಠದಿಂದ ರಸಿಕರ ಮನಸೂರೆಗೊಂಡರು.’ ಈ ವಾಕ್ಯವನ್ನು ಯಾವ ಗಾಯಕಿಯ ಹೆಸರಿನ ಮುಂದೆ ಅಂಟಿಸಿದರೂ ನಡೆಯುತ್ತದೆ. ‘ಕಶಾಲಾ ಉದ್ಯಾಚಿ ಬಾತ್’ ಅಂತ ಹಾಡಿನ ಹೆಸರು ಹೇಳಿ ಮುಂದಿನ ಪ್ಯಾರಾಕ್ಕೆ ಓಡಿದ್ದೀರಿ. ಮಾಸ್ಟರ್ ಕೃಷ್ಣರಾವ್ ಸಂಗೀತದ ಹಾಡು ಅದು. ಸೂಳೆಗೇರಿಯ ಮೈನಾ, ನಾಳೆಯ ಮಾತು ಯಾಕೆ ಅಂತ ಗಿರಾಕಿಗಳ ಮುಂದೆ ಹಾಡುತ್ತಾಳೆ. ಅದೊಂದೇ ಹಾಡಿನೊಳಗೆ ಮರಾಠಿ ಬಿಟ್ಟು ಬೇರೆ ಬೇರೆ ಭಾಷೆಗಳಿಗೆ ಹೊರಳುತ್ತಾಳೆ. ಹಿಂದಿನಿಂದ ಬೇರೆಯವರು ಹಾಡಿದ್ದಲ್ಲ. ಅದರಗುಂಚಿಯ ನಾಲಿಗೆಯೇ ಅಷ್ಟನ್ನೂ ಹೊರಳಿಸಿದ್ದು! ಮನೆಯಲ್ಲಿ ಕನ್ನಡ, ಬೀದಿಯಲ್ಲಿ ಮರಾಠಿ, ಆಫೀಸಿನಲ್ಲಿ ಹಿಂದಿ ಆಡುತ್ತ ಬೆಳೆದ ಪುಣೆಯ ಹುಡುಗಿ ನೀವು. ಇದನ್ನು ಕೇಳುವ ಕಿವಿ ನಿಮಗಲ್ಲದೆ ಇನ್ಯಾರಿಗಿರಬೇಕು?

ನಾನು ಮುಂಬೈಯ ಕನ್ನಡ ಪತ್ರಿಕೆಯೊಂದರಲ್ಲಿ ಪ್ರೂಫ್ ತಿದ್ದುತ್ತ ಕೆಲಸ ಕಲಿತವನು. ಅಲ್ಲಿದ್ದ ಹಿರಿಯರು ನನ್ನನ್ನು ಸವಾಯಿ ಗಂಧರ್ವ ಸಂಗೀತ ಉತ್ಸವದ ವರದಿಗೆಂದು ಪುಣೆಗೆ ಅಟ್ಟುತ್ತಿದ್ದರು. ವಾಪಸ್ ಬಂದರೆ ಹಾಳೆ ಮುಟ್ಟುವ ಮೊದಲೇ ಪ್ರಶ್ನೆ. ತಂಬೂರಿಗೆ ಯಾರು ಕೂತಿದ್ದರು? ಗವಾಯಿಗಳು ತಬಲಾದವನ ಕಡೆ ಯಾವಾಗ ತಿರುಗಿ ನೋಡಿದರು? ಜನ ಚಹಾಕ್ಕೆ ಎದ್ದದ್ದು ಯಾವ ರಾಗದ ಹೊತ್ತಿಗೆ? ಉತ್ತರವಿದ್ದ ಸಾಲು ಉಳಿಯುತ್ತಿತ್ತು. ‘ಸುಮಧುರ’, ‘ರಸದೌತಣ’ ಎಲ್ಲಕ್ಕೂ ಕೆಂಪು ಗೆರೆ. ಈಗಲೂ ಕಛೇರಿಯಲ್ಲಿ ಕೂತರೆ ನನ್ನ ಕಣ್ಣು ಮೊದಲು ಹೋಗುವುದು ತಂಬೂರಿಯ ಕಡೆಗೇ. ಆ ಹಿರಿಯರು ಕೊಟ್ಟ ಆಸ್ತಿ ಅದು.

ಇನ್ನೊಂದು ಸಾಲಂತೂ ನನಗೆ ತಡೆಯಲಾಗಲಿಲ್ಲ: ‘ವಿಧಿ ಆಕೆಯನ್ನು ಚಿತ್ರರಂಗದಿಂದ ದೂರ ತಳ್ಳಿತು.’ ವಿಧಿ ಅಂದ ಕೂಡಲೇ ಮದುವೆ, ಸಂಸಾರ, ಸುತ್ತಲಿನ ಜನ, ಆಕೆಯ ಸ್ವಂತ ತೀರ್ಮಾನ ಎಲ್ಲ ಮರೆಗೆ ಸರಿದವು. ಆಕೆಯೇನು ಬಾಯಿಲ್ಲದ ಹೆಂಗಸೇ? ಅದೇ ಹಾಡಿನ ಸಾಲನ್ನು ಹೆಸರಾಗಿಟ್ಟು ಆತ್ಮಕಥೆ ಬರೆದವರು. ಅದನ್ನು ಓದಿ. ತಾನು ಬಿಟ್ಟುಬಂದದ್ದನ್ನು ಆಕೆ ಹೇಗೆ ಹೇಳಿಕೊಂಡಿದ್ದಾರೋ ಹಾಗೆ ಬರೆಯಿರಿ. ನಿಮಗೆ ಆಕೆ ತಪ್ಪು ಮಾಡಿದರು ಅನ್ನಿಸಿದರೆ ಅದನ್ನೂ ಬರೆಯಿರಿ, ಅಡ್ಡಿಯಿಲ್ಲ. ವಿಧಿಯ ಮೇಲೆ ಮಾತ್ರ ಹಾಕಬೇಡಿ.

ಹಳೆಯ ಪ್ರಭಾತ್ ಸ್ಟುಡಿಯೋ ಈಗಿನ ಫಿಲ್ಮ್ ಇನ್‌ಸ್ಟಿಟ್ಯೂಟ್. ಲಾ ಕಾಲೇಜ್ ರಸ್ತೆಯಲ್ಲೇ ಇದೆ. ಒಂದು ಭಾನುವಾರ ಆ ಕಡೆ ಹೋಗಿ ಬನ್ನಿ. ಮನೆಗೆ ಬಂದು ಹಾಡು ಹಾಕಿ, ಪೆನ್ನು ಕೆಳಗಿಟ್ಟು ಪೂರ್ತಿ ಕೇಳಿ. ಆಮೇಲೆ ಹಾಡಿನದ್ದೇ ಒಂದು ಪುಟ ಬರೆದು, ಅದರಿಂದ ಲೇಖನ ಶುರುಮಾಡಿ. ವೃದ್ಧಾಶ್ರಮಕ್ಕೆ ಕೊನೆಯಲ್ಲಿ ನಾಲ್ಕು ಸಾಲು ಸಾಕು. ದೀಪಾವಳಿ ಸಂಚಿಕೆಯಲ್ಲಿ ನಿಮಗಾಗಿ ಜಾಗ ತೆಗೆದಿಟ್ಟಿದ್ದೇನೆ. ನವರಾತ್ರಿಗೆ ಮೊದಲು ನನ್ನ ಕೈಸೇರಲಿ.