ಸಂಕ್ಷಿಪ್ತ ದಾವೆ: ಪ್ರತಿವಾದಕ್ಕೆ ಅನುಮತಿ ಸಿಗುವುದು ಯಾವಾಗ?

ಪ್ರಶ್ನೆ: ಕಲಬುರಗಿಯಲ್ಲಿ ಸಣ್ಣ ದಾಲ್ ಮಿಲ್ ನಡೆಸುತ್ತಿದ್ದೇನೆ. ಗಂಜಿನ ಅಡತಿ ವ್ಯಾಪಾರಿಯೊಬ್ಬರಿಗೆ 6 ಲಕ್ಷ ರೂಪಾಯಿಗೆ ಪ್ರಾಮಿಸರಿ ನೋಟು ಬರೆದುಕೊಟ್ಟಿದ್ದೆ. 2 ಲಕ್ಷವನ್ನು ಬ್ಯಾಂಕಿನ ಮೂಲಕ ತೀರಿಸಿದ್ದೇನೆ, 1 ಲಕ್ಷದ ಬಾಬ್ತು ಬೇಳೆ ಕೊಟ್ಟಿದ್ದೇನೆ. ಆದರೂ ಪೂರ್ತಿ ಮೊತ್ತಕ್ಕೆ ಸಂಕ್ಷಿಪ್ತ ದಾವೆ (ನ್ಯಾಯಾಲಯದ ಅನುಮತಿಯಿಲ್ಲದೆ ಪ್ರತಿವಾದಿ ವಾದಿಸಲಾಗದ ತ್ವರಿತ ದಾವೆ) ಹೂಡಿದ್ದಾರೆ. ವಕೀಲರ ಮೂಲಕ ಹಾಜರಾತಿ ದಾಖಲಿಸಿದ ಮೇಲೆ ಈಗ ತೀರ್ಪಿಗಾಗಿ ಸಮನ್ಸ್ (ವಾದಿಗೆ ತೀರ್ಪು ಕೊಡುವ ಮುನ್ನ ಪ್ರತಿವಾದಿಗೆ ಬರುವ ನೋಟಿಸು) ಬಂದಿದೆ. ಪೂರ್ತಿ ಹಣ ಕಟ್ಟದೆ ವಾದಿಸಲು ಅನುಮತಿ ಸಿಗುವುದೇ?

ಉತ್ತರ: ಸಿಗಬಹುದು, ಆದರೆ ಮೊದಲು ಅವಧಿಯನ್ನು ನೋಡಿಕೊಳ್ಳಿ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 37, ನಿಯಮ 3ರಂತೆ, ತೀರ್ಪಿಗಾಗಿ ಸಮನ್ಸ್ ಜಾರಿಯಾದ 10 ದಿನಗಳೊಳಗೆ ಅನುಮತಿ ಕೋರಿ ಅರ್ಜಿ ಸಲ್ಲಿಸಬೇಕು. ಲೆಕ್ಕ ಜಾರಿಯಾದ ದಿನದಿಂದ ನಡೆಯುತ್ತದೆಯೇ ಹೊರತು ವಿಚಾರಣೆಗೆ ಗೊತ್ತುಪಡಿಸಿದ ದಿನದಿಂದ ಅಲ್ಲ. ಹಾಜರಾತಿ ದಾಖಲಾಗಿದೆಯೆಂದು ನಿಶ್ಚಿಂತರಾಗಿರುವವರೇ ಇಲ್ಲಿ ಹೆಚ್ಚಾಗಿ ಎಡವುತ್ತಾರೆ. ಸಕಾರಣವಿದ್ದರೆ ವಿಳಂಬವನ್ನು ನ್ಯಾಯಾಲಯ ಮನ್ನಿಸಬಹುದು.

ಇನ್ನು ಹಣದ ಮಾತು. ನಿಮ್ಮ ಹೇಳಿಕೆಯಂತೆಯೇ 3 ಲಕ್ಷ ಬಾಕಿಯಿದೆ. ಒಪ್ಪಿಕೊಂಡ ಮೊತ್ತವನ್ನು ನ್ಯಾಯಾಲಯದಲ್ಲಿ ಠೇವಣಿ ಇಡದೆ ಅನುಮತಿ ನೀಡುವಂತಿಲ್ಲವೆಂದು ನಿಯಮವೇ ಹೇಳುವುದರಿಂದ, ಆ ಮೊತ್ತಕ್ಕೆ ವ್ಯವಸ್ಥೆ ಮಾಡಿಕೊಳ್ಳಿ. ಇದನ್ನು ತಪ್ಪಿಸಿಕೊಳ್ಳಲು ಸಹಿಯೇ ನನ್ನದಲ್ಲ ಎನ್ನುವ ಸಲಹೆ ಯಾರಾದರೂ ಕೊಟ್ಟರೆ ಕಿವಿಗೆ ಹಾಕಿಕೊಳ್ಳಬೇಡಿ. ನೋಟನ್ನೇ ಅಲ್ಲಗಳೆದು ಅದೇ ನೋಟಿನ ಬಾಬ್ತು ಹಣ ಕೊಟ್ಟೆನೆನ್ನುವ ಪ್ರತಿವಾದವನ್ನು ಯಾವ ನ್ಯಾಯಾಧೀಶರೂ ನಂಬುವುದಿಲ್ಲ.

ನೀವು ತೀರಿಸಿದ್ದೇನೆ ಎನ್ನುವ ಉಳಿದ 3 ಲಕ್ಷದ ವಿಷಯದಲ್ಲಿ ಪ್ರಶ್ನೆ ನಿಮ್ಮ ಪ್ರತಿವಾದದ ಗಟ್ಟಿತನದ್ದು. ಐಡಿಬಿಐ ಟ್ರಸ್ಟೀಶಿಪ್ ಸರ್ವಿಸಸ್ ಮತ್ತು ಹಬ್‌ಟೌನ್ ನಡುವಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2016ರಲ್ಲಿ ತಿಳಿಸಿದಂತೆ, ಗೆಲ್ಲಬಹುದಾದ ಪ್ರತಿವಾದವಿದ್ದರೆ ಅಥವಾ ವಿಚಾರಣೆಗೆ ಯೋಗ್ಯವಾದ ಪ್ರಾಮಾಣಿಕ ವಿವಾದಾಂಶವಿದ್ದರೆ ಷರತ್ತಿಲ್ಲದ ಅನುಮತಿ ಸಲ್ಲುತ್ತದೆ. ವಿವಾದಾಂಶವಿದ್ದೂ ಪ್ರತಿವಾದಿಯ ಪ್ರಾಮಾಣಿಕತೆಯಲ್ಲಿ ಸಂಶಯ ಮೂಡಿದರೆ ಠೇವಣಿ ಅಥವಾ ಭದ್ರತೆಯ ಷರತ್ತು ಬರಬಹುದು. ಪ್ರತಿವಾದ ಮೇಲ್ನೋಟಕ್ಕೆ ಒಪ್ಪುವಂತಿದ್ದರೂ ನಿಜವಿರುವ ಸಂಭವ ಕಡಿಮೆಯೆಂದು ತೋರಿದರೆ ಆ ಷರತ್ತು ಬಡ್ಡಿಸಹಿತ ಪೂರ್ತಿ ಅಸಲಿನವರೆಗೂ ಹೋಗಬಹುದು. ಪ್ರತಿವಾದ ಕೇವಲ ನೆಪವಾಗಿದ್ದರೆ ಅರ್ಜಿ ವಜಾ ಆಗಿ ವಾದಿಗೆ ಕೂಡಲೇ ತೀರ್ಪು ದೊರೆಯುತ್ತದೆ.

ನಿಮ್ಮ 2 ಲಕ್ಷದ ಪಾವತಿಗೆ ಬ್ಯಾಂಕ್ ದಾಖಲೆಯೇ ಆಧಾರ. ಆದರೆ ಅಡತಿ ವ್ಯವಹಾರದಲ್ಲಿ ಇಬ್ಬರ ನಡುವೆ ಹತ್ತಾರು ಲೆಕ್ಕಗಳಿರುವುದರಿಂದ, ಆ ಹಣ ಬೇರೆ ಬಾಕಿಗೆ ಜಮೆಯಾಯಿತೆಂದು ವಾದಿ ಹೇಳುವುದು ಬಹುತೇಕ ಖಚಿತ. ಆದ್ದರಿಂದ ಖಾತೆ ಪುಸ್ತಕದ ಪ್ರತಿಯನ್ನೂ, ನೋಟಿನ ಬಾಬ್ತು ಎಂದು ತೋರಿಸುವ ಪತ್ರ ಅಥವಾ ವಾಟ್ಸಾಪ್ ಸಂದೇಶವನ್ನೂ ಅರ್ಜಿಯ ಪ್ರಮಾಣಪತ್ರದ (ಅಫಿಡವಿಟ್) ಜೊತೆಗೇ ಸಲ್ಲಿಸಿ. ಬೇಳೆಯ ವಿಷಯ ಇದಕ್ಕಿಂತ ದುರ್ಬಲ. ತೂಕದ ಚೀಟಿ, ಬಿಲ್ಲು, ಲಾರಿ ರಸೀದಿಗಳಿಲ್ಲದೆ ಬಾಯಿಮಾತನ್ನೇ ನೆಚ್ಚಿಕೊಂಡರೆ ಆ 1 ಲಕ್ಷಕ್ಕೂ ಠೇವಣಿಯ ಷರತ್ತನ್ನು ನಿರೀಕ್ಷಿಸಬೇಕಾಗುತ್ತದೆ.

ಅನುಮತಿ ದೊರೆತ ಮೇಲೆ ದಾವೆ ಸಾಮಾನ್ಯ ದಾವೆಯಂತೆಯೇ ನಡೆಯುತ್ತದೆ. ಷರತ್ತು ವಿಧಿಸಿದ್ದರೆ ಗೊತ್ತುಪಡಿಸಿದ ಅವಧಿಯೊಳಗೆ ಹಣ ಕಟ್ಟಿ. ಕಟ್ಟದಿದ್ದರೆ ವಾದಿ ಆಗಲೇ ತೀರ್ಪು ಪಡೆಯಲು ಅರ್ಹನಾಗುತ್ತಾನೆ.